ಜೇಡಕ್ಕೆ ಹೆದರಿದವಳ ಪರವಾಗಿ

ನ್ಕಾಂಬೆ ಗುಡ್ಡ
14 ನವೆಂಬರ್ 1986

ಗೆಳೆಯ ಮೋಲುವಾ,

ಲಕೋಟೆಯ ಮೇಲಿನ ಅಕ್ಷರ ನೋಡಿಯೇ ಇದು ಯಾರ ಕಾಗದವೆಂದು ನಿನಗೆ ತಿಳಿದಿರುತ್ತದೆ. ತಾಂತೋನ ಬರಹ ಮಳೆಗೆ ಸಿಕ್ಕ ಇರುವೆಸಾಲಿನ ಹಾಗಿದೆ ಎಂದು ಫಾದರ್ ಡೊನೆಲನ್ ಇಡೀ ತರಗತಿಯ ಎದುರು ಹೇಳಿದ್ದರಲ್ಲ, ಅದು ಈ ಮೂವತ್ತಾರು ವರ್ಷಗಳಲ್ಲಿ ಸುಧಾರಿಸಲಿಲ್ಲ. ಜೂನ್ ತಿಂಗಳಲ್ಲಿ ನನಗೆ ಪೆನ್ಶನ್ ಆಯಿತು. ಸ್ಯಾನಿಟರಿ ಇನ್ಸ್‌ಪೆಕ್ಟರನ ಟೋಪಿಯನ್ನು ಮೂಲೆಗೆ ಎಸೆದೆ, ಅದರಲ್ಲೀಗ ಕೋಳಿ ಮೊಟ್ಟೆ ಇಡುತ್ತದೆ. ಇದನ್ನೆಲ್ಲ ಬರೆಯುತ್ತಿರುವುದು ಮುಖ್ಯ ಸಂಗತಿಗೆ ಬರಲು ಕೈ ಹಿಂಜರಿಯುತ್ತಿರುವುದರಿಂದ.

ಮಾರ್ತಾ ಹೋದಳು. ಅಕ್ಟೋಬರ್ ಹತ್ತೊಂಬತ್ತು, ಭಾನುವಾರ. ಚರ್ಚಿಗೆ ಹೊರಡಲು ತಲೆವಸ್ತ್ರ ಕಟ್ಟಿಕೊಳ್ಳುತ್ತಿದ್ದವಳು "ಸ್ವಲ್ಪ ಕೂರ್ತೀನಿ" ಎಂದಳು. ಕೂತಳು, ಮತ್ತೆ ಏಳಲಿಲ್ಲ. ದವಾಖಾನೆಯವನು ಹೃದಯ ಎಂದ. ಮೂವತ್ತನಾಲ್ಕು ವರ್ಷಗಳ ದಾಂಪತ್ಯದಲ್ಲಿ ಆ ಹೆಂಗಸು "ಸ್ವಲ್ಪ ಕೂರ್ತೀನಿ" ಎಂದದ್ದನ್ನು ನಾನು ಕೇಳಿದ್ದು ಅದೊಂದೇ ಸಲ.

ಅಳುವುದು ಆಯಿತು. ಈಗ ನಿನ್ನಿಂದ ನನಗೆ ಒಂದು ಶಬ್ದ ಬೇಕು. ಯಾಕೆಂದು ಹೇಳುತ್ತೇನೆ, ತಾಳ್ಮೆಯಿಂದ ಓದು.

ನನ್ನ ಮಗ ತಾಂಫು ಲಾರಿ ಓಡಿಸುತ್ತಾನೆ. ಐದು ವರ್ಷದ ಹಿಂದೆ ನಿಮ್ಮ ಕಡೆಯ ಟಿಕೊದಿಂದ ಎಪೋಸಿ ಎಂಬ ಹುಡುಗಿಯನ್ನು ಮದುವೆಯಾಗಿ ತಂದ. ನಾಲ್ಕು ವರ್ಷದ ಮಗಳಿದ್ದಾಳೆ, ಬೀಹ್. ಮಾರ್ತಾ ಸಾಯುವ ಹಿಂದಿನ ಸಂಜೆ ಎಪೋಸಿಯೇ ಒಣಮೀನು ಹಾಕಿ ಕೆಸುವಿನ ಗಡ್ಡೆ ಬೇಯಿಸಿದ್ದಳು. ನಾನೂ ಅದನ್ನೇ ಉಂಡೆ, ಎರಡು ಸಲ ಬಡಿಸಿಕೊಂಡೆ.

ನಿಮ್ಮ ಕರಾವಳಿಯಲ್ಲಿ ಇದಿಲ್ಲ, ನಮ್ಮ ಗುಡ್ಡದಲ್ಲಿದೆ: ಯಾರಾದರೂ ಕಾಯಿಲೆ ಬೀಳದೆ ಹಠಾತ್ತನೆ ಸತ್ತರೆ ಒಂಬತ್ತನೆಯ ದಿನ ಮನೆಯವರೆಲ್ಲ ಜೇಡದ ಮುಂದೆ ಕೂರಬೇಕು. ನನ್ನ ಅಣ್ಣ ನಮ್ಮ ಮನೆತನದ ಫಾಯ್, ಅಂದರೆ ಯಜಮಾನ. ಅವನ ಹಿತ್ತಿಲಲ್ಲಿ ನೆಲದೊಳಗೆ ಜೇಡದ ಬಿಲವಿದೆ. ತಳ ಒಡೆದ ಮಡಕೆಯನ್ನು ಬಿಲದ ಸುತ್ತ ಬೇಲಿಯಂತೆ ನೆಟ್ಟಿದ್ದಾರೆ. ಪಾ ಬಂಟಾರ್ ಎಂಬ ಮುದುಕ ಗುರುತು ಕೊರೆದ ಎಲೆಗಳನ್ನು ಸಂಜೆ ಒಳಗೆ ಜೋಡಿಸುತ್ತಾನೆ. ಜೇಡ ಹೊರಗೆ ಬಂದು ಎಲೆಗಳನ್ನು ಅತ್ತಿತ್ತ ಮಾಡುತ್ತದೆ. ಬೆಳಿಗ್ಗೆ ಮುದುಕ ಅದನ್ನು ಓದುತ್ತಾನೆ. ಎಲೆ ಜೋಡಿಸುವಾಗ ಮನೆಯವರೆಲ್ಲ ಮಡಕೆಯ ಅಂಚಿನ ಮೇಲೆ ಅಂಗೈ ಇಟ್ಟು ಕೂತಿರಬೇಕು. ನಾನು ಹಿಂದೆ ಬಾಗಿಲ ಹತ್ತಿರ ಕೂತಿದ್ದೆ, ಮಂಡಿ ನೋವು ಅಂತ.

ಅವತ್ತು ಜೇಡ ಎಲೆ ಜೋಡಿಸುವ ಮೊದಲೇ ಹೊರಗೆ ಬಂತು. ಮಡಕೆ ಹತ್ತಿ ನೇರವಾಗಿ ಎಪೋಸಿಯ ಬೆರಳಿನ ಕಡೆಗೆ ನಡೆಯಿತು. ಅವಳು ಚೀರಿದ ಚೀರುವಿಕೆಗೆ ಆಡುಗಳು ಹಗ್ಗ ಕಿತ್ತುಕೊಂಡು ಓಡಿದವು. ಮಡಕೆ ಉರುಳಿತು. ಅವಳು ಬೇಲಿ ಹಾರಿ ಓಡಿದಳು.

ಮೋಲುವಾ, ನಮ್ಮ ಮಾತಿನಲ್ಲಿ "ಜೇಡಕ್ಕೆ ಹೆದರಿದ" ಎಂದರೆ ಆ ಮನುಷ್ಯ ಒಳಗೆ ಏನೋ ಬಚ್ಚಿಟ್ಟಿದ್ದಾನೆ ಎಂದೇ ಅರ್ಥ. ಜೇಡಕ್ಕೆ ಸುಮ್ಮಸುಮ್ಮನೆ ಹೆದರುವವನೂ ಇರುತ್ತಾನೆ ಎಂಬುದಕ್ಕೆ ನಮ್ಮಲ್ಲಿ ಮಾತೇ ಇಲ್ಲ. ಆದ್ದರಿಂದ ತೀರ್ಮಾನ ಆಗಿಯೇ ಹೋಯಿತು: ಅತ್ತೆಯನ್ನು ತಿಂದವಳು ಸೊಸೆ. ಜನವರಿ ಹದಿನೇಳರಂದು ಸೂತಕ ಕಳೆಯುತ್ತದೆ. ಅವತ್ತು ಹಿರಿಯರು ಕೂತು ಎಪೋಸಿಯನ್ನು ಟಿಕೊಗೆ ಕಳಿಸುತ್ತಾರೆ. ಬೀಹ್ ನಮ್ಮ ಮನೆತನದ ಮಗು, ಇಲ್ಲೇ ಉಳಿಯುತ್ತದೆ.

ನಾನು ಇದನ್ನು ಆಗಗೊಡುವುದಿಲ್ಲ. ಜೇಡದ ಹೆದರಿಕೆಗೆ ಇಂಗ್ಲಿಷಿನಲ್ಲಿ ಒಂದು ಕಾಯಿಲೆಯ ಹೆಸರಿದೆ. ಹಾಸ್ಟೆಲಿನಲ್ಲಿ ಯಾವನೋ ಒಬ್ಬ ಹುಡುಗ ಜೇಡ ಕಂಡು ಮೇಲಿನ ಮಂಚಕ್ಕೆ ಹಾರಿದಾಗ ಫಾದರ್ ಡೊನೆಲನ್ ಆ ಹೆಸರನ್ನು ಬೋರ್ಡಿನ ಮೇಲೆ ಬರೆದಿದ್ದರು. ಹುಡುಗ ಯಾರೋ ಮರೆತಿದೆ. ಶಬ್ದವೂ ಮರೆತಿದೆ, ಬಾಲದಲ್ಲಿ 'ಫೋಬಿಯಾ' ಇತ್ತು ಎನ್ನುವುದಷ್ಟೇ ನೆನಪು. ನೀನು ಮೂವತ್ತು ವರ್ಷ ಇಂಗ್ಲಿಷ್ ಕಲಿಸಿದವನು. ನಿನ್ನ ದಪ್ಪ ಡಿಕ್ಷನರಿ ತೆರೆದು ಶಬ್ದವನ್ನೂ ಅರ್ಥವನ್ನೂ ಬರೆದು ಕಳಿಸು. ಹಿರಿಯರ ಮುಂದೆ ಓದುತ್ತೇನೆ.

ಯುವರ್ ಮೋಸ್ಟ್ ಒಬೀಡಿಯಂಟ್ (ನಮಗೆ ಕಲಿಸಿದ್ದು ಹೀಗೇ ಅಲ್ಲವೇ?),
ಬಾರ್ನಬಾಸ್ ತಾಂತೋ


ಬ್ವೇಯಾ
27 ನವೆಂಬರ್ 1986

ತಾಂತೋ,

ಮಾರ್ತಾಳ ಸುದ್ದಿ ಕೇಳಿ ಕೂತಲ್ಲೇ ಕೂತೆ. ಒಂದು ಸಲ ನಿಮ್ಮ ಮನೆಗೆ ಬಂದಾಗ ಆಕೆ ಕೊಟ್ಟ ಜೋಳದ ಮುದ್ದೆ ಮತ್ತು ಕಹಿಸೊಪ್ಪಿನ ರುಚಿ ಈಗಲೂ ನಾಲಗೆಯಲ್ಲಿದೆ. ದೇವರು ಆಕೆಗೆ ಶಾಂತಿ ಕೊಡಲಿ.

ಶಬ್ದದ ವಿಷಯ. ಡಿಕ್ಷನರಿಯನ್ನು ಚರ್ಚಿನವರು ಕೊಂಡೊಯ್ದಿದ್ದಾರೆ, ಯಾವಾಗ ತರುತ್ತಾರೋ. ಮೇಲಾಗಿ, ಒಂದು ಶಬ್ದದಿಂದ ನಿಮ್ಮ ಗುಡ್ಡದ ಮುದುಕರು ಬದಲಾಗುತ್ತಾರೆಯೇ? ಹುಡುಗಿಗೆ ಒಳ್ಳೆಯ ವಕೀಲನನ್ನು ನೋಡು. ಇಲ್ಲಿ ಬೆಟ್ಟದ ಮಂಜು ಬಹಳ. ಎಲ್ಲವೂ ಮಸುಕು.

ಮೋಲುವಾ


ನ್ಕಾಂಬೆ ಗುಡ್ಡ
7 ಡಿಸೆಂಬರ್ 1986

ಮೋಲುವಾ,

ಆರು ಸಾಲು! ನಾನು ಮೂರು ಹಾಳೆ ಬರೆದೆ, ನೀನು ಆರು ಸಾಲು ಗೀಚಿದೆ. ಅವೂ ಒಂದರ ಮೇಲೊಂದು ಹತ್ತಿಕೊಂಡಿವೆ. ನನ್ನ ಅಕ್ಷರ ಇರುವೆಸಾಲಾದರೆ ನಿನ್ನದು ಕುಡಿದವನ ನಡಿಗೆ. ಹಳೆಯ ಗೆಳೆಯನಿಗೆ ಕುರ್ಚಿಯಲ್ಲಿ ಸರಿಯಾಗಿ ಕೂತು ಬರೆಯುವಷ್ಟು ಪುರುಸೊತ್ತೂ ಇಲ್ಲವೇ? ಡಿಕ್ಷನರಿ ಚರ್ಚಿಗೆ ಹೋಗಿದೆಯಂತೆ. ಹಾಸ್ಟೆಲಿನಲ್ಲಿ ಯಾರಿಗೂ ಅದನ್ನು ಮುಟ್ಟಲು ಬಿಡದೆ ತಲೆದಿಂಬಿನ ಕೆಳಗೆ ಇಟ್ಟುಕೊಂಡು ಮಲಗುತ್ತಿದ್ದವನು ನೀನು. ನಂಬುತ್ತೇನೆ ಅಂದುಕೊಂಡೆಯಾ?

ನೀನು ಶಬ್ದ ಕೊಡದ್ದರಿಂದ ಏನಾಯಿತು ಕೇಳು. ನಾನೇ ನೆನಪು ಕೆದಕಿ ಕೆದಕಿ, ಸಿಕ್ಕಿತು ಎಂದುಕೊಂಡು, ಹೋದ ದೊಡ್ಡ ಸಂತೆಯ ದಿನ ಅಣ್ಣನ ಅಂಗಳದಲ್ಲಿ ಎದ್ದು ನಿಂತು ಗಂಟಲು ಸರಿಮಾಡಿಕೊಂಡು ಹೇಳಿದೆ: "ಎಪೋಸಿಗೆ ಇರೋದು ತಪ್ಪಲ್ಲ, ಕಾಯಿಲೆ. ಅದಕ್ಕೆ ಇಂಗ್ಲಿಷಲ್ಲಿ ಹೈಡ್ರೋಫೋಬಿಯಾ ಅಂತಾರೆ." ಎಲ್ಲರೂ ತಲೆದೂಗಿದರು. ಅಷ್ಟರಲ್ಲಿ ರಾಫಿಯಾ ತಾಳೆಯ ಹೆಂಡ ಕುಡಿಯಲು ಬಂದಿದ್ದ ದವಾಖಾನೆಯವನು ಬಟ್ಟಲು ಕೆಳಗಿಟ್ಟು "ಅಯ್ಯೋ, ಅದು ಹುಚ್ಚುನಾಯಿ ಕಚ್ಚಿದವರಿಗೆ ಬರೋದು!" ಎಂದುಬಿಟ್ಟ.

ಆ ದಿನದಿಂದ ಎಪೋಸಿಗೆ ಬೇರೆ ಬಟ್ಟಲು. ಬಾವಿಗೆ ಹೋದರೆ ಹೆಂಗಸರು ಕೊಡ ಎತ್ತಿಕೊಂಡು ದೂರ ನಿಲ್ಲುತ್ತಾರೆ. ನನ್ನ ಅಕ್ಕ ಸಬೀನಾ ಗೊತ್ತಲ್ಲ, ನಾಲಗೆಯಲ್ಲೇ ಜೋಳ ಬೀಸುವವಳು. "ಮೊದ್ಲು ವಿಷ ಹಾಕ್ದೋಳು ಅಂತಿದ್ವಿ. ಈಗ ಕಚ್ತಾಳೆ ಅಂತ ನಮ್ಮ ಇನ್ಸ್‌ಪೆಕ್ಟರ್ ಸಾಹೇಬ್ರೇ ಸರ್ಟಿಫಿಕೇಟ್ ಕೊಟ್ರು" ಎಂದು ಊರೆಲ್ಲ ಸಾರಿದಳು.

ಮಗನನ್ನು ಹಿಡಿದು ಕೇಳಿದೆ. "ಏನೋ ತಾಂಫು, ನಿನ್ನ ಹೆಂಡ್ತಿ ಕಣೋ ಅವಳು." ಲಾರಿಯ ಟೈರು ಒದೆಯುತ್ತಾ "ದೊಡ್ಡಪ್ಪ ಹೇಳಿದ್ಮೇಲೆ ನಂದೇನಿದೆ ಅಪ್ಪಾ?" ಎಂದ. ಅವನಿಗೆ ಇಪ್ಪತ್ತೆಂಟು ವರ್ಷ, ಲಾರಿಗೆ ಹದಿನಾರು. ಬೆನ್ನೆಲುಬು ಇರುವುದು ಲಾರಿಗೆ ಮಾತ್ರ.

ಎಪೋಸಿ ಅಳುವುದಿಲ್ಲ. ನಿನ್ನೆ ಅಡುಗೆಮನೆಯ ಹೊಸ್ತಿಲಲ್ಲಿ ಕೂತು ಸೊಪ್ಪು ಬಿಡಿಸುತ್ತಿದ್ದಳು. ನಾನೂ ಕೂತೆ.

"ಮಾವ, ನೀವು ನನ್ನ ಪರ ಮಾತಾಡಿ ಮಾತಾಡಿ ಕೆಟ್ಟೋರಾಗ್ಬೇಡಿ."

"ಚಿಕ್ಕಂದಿನಿಂದ ಇದೆಯಾ ಇದು?"

"ನೆನಪಿರೋವಾಗಿಂದ. ಕಂಡ್ರೆ ಸಾಕು, ಕಾಲು ನನ್ನದಲ್ಲ ಅನ್ನಿಸುತ್ತೆ, ಗಂಟಲು ನನ್ನದಲ್ಲ ಅನ್ನಿಸುತ್ತೆ. ಅತ್ತೆಗೆ ಗೊತ್ತಿತ್ತು. ದಿನಾ ಬೆಳಿಗ್ಗೆ ನನಗಿಂತ ಮೊದ್ಲು ಪೊರಕೆ ಹಿಡ್ಕೊಂಡು ಅಡುಗೆಮನೆಗೆ ಹೋಗೋರು, ಮೂಲೆ ಮೂಲೆ ಗುಡಿಸೋರು, ಆಮೇಲೆ 'ಬಾರಮ್ಮ' ಅನ್ನೋರು. ಈ ಮನೇಲಿ ನೀನೊಬ್ಬಳೇ ಅಲ್ಲ ಬಿಡು ಅನ್ನೋರು. ಇನ್ಯಾರು ಅತ್ತೆ ಅಂದ್ರೆ ನಗೋರು, ಹೇಳ್ತಿರಲಿಲ್ಲ."

ಮಾರ್ತಾ ಯಾರನ್ನು ನೆನೆದು ನಕ್ಕಳೋ ನನಗೆ ತಿಳಿಯದು. ಸಬೀನಾಳನ್ನೇ ಇರಬೇಕು.

ಎಪೋಸಿ ಒಂದೇ ಒಂದು ಮಾತು ಕೇಳಿದಳು: "ಬೀಹ್ ಮಲಗೋವಾಗ ನನ್ನ ಕಿವಿ ಹಿಡ್ಕೊಂಡ್ರೇನೇ ನಿದ್ದೆ ಬರೋದು. ನಾನು ಹೋದ್ಮೇಲೆ ಯಾರ ಕಿವಿ ಕೊಡ್ತೀರಾ?" ಯಾರ ಕಿವಿಯೂ ಬೇಕಾಗಿಲ್ಲ, ಯಾಕೆಂದರೆ ಅವಳು ಹೋಗುವುದಿಲ್ಲ.

ವಕೀಲ ಬೇಡ. ಶಬ್ದ ಕಳಿಸು. ಚರ್ಚಿನ ಬಾಗಿಲು ಒಡೆದಾದರೂ ಡಿಕ್ಷನರಿ ತಾ.

ತಾಂತೋ


ಬ್ವೇಯಾ
20 ಡಿಸೆಂಬರ್ 1986

ತಾಂತೋ,

ಇದು ನನ್ನ ತಂಗಿಯ ಮಗಳು ಎಂಜೆಮಾಳ ಅಕ್ಷರ. ನಾನು ಹೇಳುತ್ತೇನೆ, ಅವಳು ಬರೆಯುತ್ತಾಳೆ. ಯಾಕೆ ಎಂದು ಕೇಳಬೇಡ. ಓದಲು ಸುಲಭವಾದ ಅಕ್ಷರ ಸಿಕ್ಕಿತಲ್ಲ ಎಂದು ಸಂತೋಷಪಡು.

ನಿನ್ನ ಶಬ್ದ: ಅರಾಕ್ನೋಫೋಬಿಯಾ. ಡಿಕ್ಷನರಿ ಹೇಳುವುದು ಇಷ್ಟೇ: ಜೇಡಗಳ ಬಗ್ಗೆ ಮಿತಿಮೀರಿದ, ಕಾರಣವಿಲ್ಲದ ಭಯ. ಮೊದಲ ಭಾಗ ಗ್ರೀಕರ ಜೇಡ, ಎರಡನೆಯದು ಗ್ರೀಕರ ಭಯ. 'ಕಾರಣವಿಲ್ಲದ' ಎಂಬುದರ ಕೆಳಗೆ ಎಂಜೆಮಾಳಿಂದ ಗೆರೆ ಹಾಕಿಸಿದ್ದೇನೆ. ನಿನಗೆ ಬೇಕಾದದ್ದು ಅದೇ.

ಈಗ ಇನ್ನೊಂದು ಮಾತು. ಮೊದಲ ಕಾಗದದಲ್ಲಿ ನೀನು 'ಯಾವನೋ ಒಬ್ಬ ಹುಡುಗ' ಎಂದು ಬರೆದೆ. ಹುಡುಗ ಯಾರೋ ಮರೆತಿದೆ ಎಂದೆ. ನನಗೆ ಮರೆತಿಲ್ಲ. ಮೇಲಿನ ಮಂಚ ನನ್ನದು. ಅವನು ಹಾರಿ ಬಂದು ಬಿದ್ದದ್ದು ನನ್ನ ಹೊಟ್ಟೆಯ ಮೇಲೆ. ಮೂರು ದಿನ ನೋವಿತ್ತು. ಆ ಹುಡುಗ ನೀನು, ತಾಂತೋ.

ನೀನು ಸ್ಯಾನಿಟರಿ ಇನ್ಸ್‌ಪೆಕ್ಟರ್ ಆದೆ ಎಂದು ಕೇಳಿದಾಗ ನಾನು ಒಂದು ವಾರ ನಕ್ಕಿದ್ದೆ. ಮೂವತ್ತು ವರ್ಷ ಜನರ ಮನೆಯ ಮೂಲೆಗಳನ್ನು ಹೇಗೆ ಪರೀಕ್ಷೆ ಮಾಡಿದೆ? ಬಾಗಿಲಲ್ಲೇ ನಿಂತು "ಅಮ್ಮಾ, ಮೂಲೆ ಸ್ವಚ್ಛ ಇದೆಯಾ ನೋಡಿ ಹೇಳಿ" ಅಂದೆಯಾ? ಮಾರ್ತಾ ಯಾರನ್ನು ನೆನೆದು ನಕ್ಕಳೆಂಬುದು ನಿನಗೆ ಗೊತ್ತಿಲ್ಲ ಎಂದರೆ ನಾನು ನಂಬುವುದಿಲ್ಲ.

ಒಂಬತ್ತನೆಯ ದಿನ ನೀನು ಬಾಗಿಲ ಹತ್ತಿರ ಕೂತಿದ್ದು ಮಂಡಿ ನೋವಿಗಲ್ಲ. ಶಬ್ದವನ್ನು ನಿನಗೆ ಕೊಟ್ಟಿದ್ದೇನೆ. ಯಾರ ಪರವಾಗಿ ಅದನ್ನು ಓದುತ್ತೀ ಎಂಬುದು ನಿನಗೆ ಬಿಟ್ಟದ್ದು.

ಮೋಲುವಾ


ನ್ಕಾಂಬೆ ಗುಡ್ಡ
8 ಜನವರಿ 1987

ಮೋಲುವಾ,

ನಿನ್ನ ಕಾಗದವನ್ನು ಮೊದಲ ದಿನ ಹರಿದೆ. ಎರಡನೆಯ ದಿನ ಚೂರುಗಳನ್ನು ಹೆಕ್ಕಿದೆ. ಮೂರನೆಯ ದಿನ ಜೋಳದ ಗಂಜಿ ಹಚ್ಚಿ ಅಂಟಿಸಿದೆ. ಈಗ ಅದು ಬೀಹ್ ಕೈಗೆ ಸಿಕ್ಕ ರೊಟ್ಟಿಯ ಹಾಗಿದೆ, ಆದರೆ ಓದಬಹುದು.

ಕೋಪ ಬಂತು ಕಣಯ್ಯ. ನಿಜ ಹೇಳಿದ್ದಕ್ಕಲ್ಲ, ಇನ್ನೊಬ್ಬರ ಕೈಯಲ್ಲಿ ಬರೆಸಿ ಹೇಳಿದ್ದಕ್ಕೆ. ಪೆನ್ನು ಹಿಡಿಯಲೂ ಆಗದಷ್ಟು ದೊಡ್ಡ ಮನುಷ್ಯನಾದೆಯಾ? ಇರಲಿ, ಆ ಲೆಕ್ಕ ಆಮೇಲೆ.

ಹೌದು, ನಾನೇ. ಮರೆತಿರಲಿಲ್ಲ. ಬರೆಯಲು ಆಗಲಿಲ್ಲ. ಗುಡ್ಡದಲ್ಲಿ ಹುಟ್ಟಿದವನು ಜೇಡಕ್ಕೆ ಹೆದರುತ್ತಾನೆಂದರೆ ಅವನು ಮೊದಲು ಕಲಿಯುವ ವಿದ್ಯೆ ಅದನ್ನು ಮುಚ್ಚಿಡುವುದು. ಮಾರ್ತಾಳಿಗೆ ಮದುವೆಯಾದ ಒಂದು ವಾರಕ್ಕೆ ತಿಳಿಯಿತು. ಆಮೇಲೆ ಮನೆತನದವರು ಜೇಡದ ಮುಂದೆ ಕೂತಾಗಲೆಲ್ಲ ಅವಳು ನನ್ನ ಮುಂದೆ ಕೂರುತ್ತಿದ್ದಳು. ಅವಳ ಬೆನ್ನು ಅಗಲ, ತಲೆವಸ್ತ್ರ ಎತ್ತರ. ನಾನು ಅವಳ ಭುಜದ ಮೇಲಿಂದ ಕೈ ಚಾಚಿ ಕಣ್ಣು ಮುಚ್ಚಿ ಅಂಚು ಮುಟ್ಟುತ್ತಿದ್ದೆ. ಅವಳ ಕೈ ನನ್ನ ಬೆರಳುಗಳ ಮೇಲಿರುತ್ತಿತ್ತು. ಗಂಡ ಹೆಂಡತಿಯ ಪ್ರೀತಿ ನೋಡಿ ಎಂದು ಜನ ಮೆಚ್ಚಿಕೊಳ್ಳುತ್ತಿದ್ದರು. ಈ ಸಲ ಅವಳೇ ಇರಲಿಲ್ಲ. ಅದಕ್ಕೇ ಬಾಗಿಲು.

ಇನ್ನೂ ಕೆಟ್ಟದ್ದೊಂದಿದೆ, ಕೇಳಿಬಿಡು. ಆ ದಿನ ಜೇಡ ಎಪೋಸಿಯ ಕಡೆ ತಿರುಗಿದಾಗ ನನಗೆ ಮೊದಲು ಅನ್ನಿಸಿದ್ದು: ಸದ್ಯ, ನನ್ನ ಕಡೆಗಲ್ಲ. ಅವಳು ಚೀರಿ ಓಡಿದಾಗ ಎಲ್ಲರೂ ಅವಳ ಬೆನ್ನು ನೋಡುತ್ತಿದ್ದರು. ನನ್ನ ಮುಖ ಯಾರೂ ನೋಡಲಿಲ್ಲ.

ನಾನು ಬಾಯಿ ಬಿಟ್ಟರೆ ಏನಾಗುತ್ತದೆ ಎಂಬುದೂ ಗೊತ್ತು. ಆ ಸಂಜೆ ಮಾರ್ತಾ ಜೊತೆ ಉಂಡವನು ನಾನು. ಅವಳು ಕೂತಾಗ ಪಕ್ಕದಲ್ಲಿದ್ದವನು ನಾನು. ಸೊಸೆಯನ್ನು ಬಿಟ್ಟು ಗಂಡನನ್ನು ಹಿಡಿಯುತ್ತಾರೆ. ಹಿರಿಯರ ಸಾಲಿನಲ್ಲಿ ನನಗಿರುವ ಮಣೆ ಹೋಗುತ್ತದೆ. ಮಾರ್ತಾಳನ್ನು ಕೊಂದವನು ಎಂದು ನನ್ನ ಬೆನ್ನ ಹಿಂದೆ ಅನ್ನುತ್ತಾರೆ, ಅದೂ ಮಾರ್ತಾಳನ್ನು.

ಆದರೂ ಹದಿನೇಳಕ್ಕೆ ಎದ್ದು ನಿಲ್ಲುತ್ತೇನೆ. ಮೊದಲು ನಿನ್ನ ಶಬ್ದ ಓದುತ್ತೇನೆ. ಅದೊಂದೇ ಸಾಕಾದರೆ ಒಳ್ಳೆಯದು. ಸಾಲದಿದ್ದರೆ ಮಡಕೆಯ ಹತ್ತಿರ ಹೋಗುತ್ತೇನೆ. ಇದನ್ನು ಬರೆದು ಅಂಚೆಗೆ ಹಾಕಿದರೆ ಹಿಂದೆ ಸರಿಯಲಾಗುವುದಿಲ್ಲ ಎಂದೇ ಬರೆಯುತ್ತಿದ್ದೇನೆ. ಸಾಕ್ಷಿ ನೀನು.

ತಾಂತೋ


ನ್ಕಾಂಬೆ ಗುಡ್ಡ
19 ಜನವರಿ 1987

ಮೋಲುವಾ,

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ. ಅವಸರದಲ್ಲಿ ಬರೆಯುತ್ತಿದ್ದೇನೆ, ಇರುವೆಗಳು ಚದುರಿದರೆ ಕ್ಷಮಿಸು.

ಶನಿವಾರ ಬೆಳಿಗ್ಗೆ ಅಣ್ಣನ ಹಿತ್ತಿಲು ತುಂಬಿತ್ತು. ಎಪೋಸಿ ತನ್ನ ಗಂಟುಮೂಟೆಯನ್ನು ತಾನೇ ಕಟ್ಟಿ ತಂದು ಬೇಲಿಗೆ ಒರಗಿಸಿದ್ದಳು. ಬೀಹ್ ಅದರ ಮೇಲೆ ಕೂತು ಕಾಲು ಆಡಿಸುತ್ತಿತ್ತು. ಊರಿಗೆ ಹೋಗುವುದು ತಾನೂ ಎಂದುಕೊಂಡಿತ್ತು ಮಗು.

ನಾನು ಎದ್ದು, ಗಂಜಿ ಹಚ್ಚಿದ ನಿನ್ನ ಕಾಗದ ಬಿಚ್ಚಿ, ಎರಡು ಸಲ ಗಟ್ಟಿಯಾಗಿ ಓದಿದೆ. ಅರಾಕ್ನೋಫೋಬಿಯಾ. ಕಾರಣವಿಲ್ಲದ ಭಯ. ಅರ್ಥ ವಿವರಿಸಿದೆ. ಅಣ್ಣ ಅಡಿಕೆಯ ಹಾಗೆ ಕೋಲಾ ಕಾಯಿ ಅಗಿಯುತ್ತಾ ಕೇಳಿಸಿಕೊಂಡ.

"ಹೆಸರು ಚೆನ್ನಾಗಿದೆ ತಮ್ಮಾ. ಬಿಳಿಯರು ಹೆಸರಿಟ್ಟ ಮಾತ್ರಕ್ಕೆ ತಪ್ಪು ತೊಳೆದು ಹೋಗುತ್ತೇನು?"

ಸಬೀನಾ ಬಿಡುತ್ತಾಳೆಯೇ? "ಹೋದ ತಿಂಗಳು ಹುಚ್ಚುನಾಯಿ ಹೆಸರು ತಂದ, ಈ ತಿಂಗಳು ಇದು. ಮುಂದಿನ ತಿಂಗಳು ಯಾವುದೋ, ಇವನ ಚೀಲದಲ್ಲಿ ಇನ್ನೆಷ್ಟಿವೆಯೋ!" ಎಲ್ಲರೂ ನಕ್ಕರು. ನಾನೂ ಇನ್ನೊಬ್ಬನ ವಿಷಯವಾಗಿದ್ದರೆ ನಗುತ್ತಿದ್ದೆ.

ಕಾಗದ ಮಡಿಸಿ ಜೇಬಿಗಿಟ್ಟೆ. ಮಡಕೆಗೆ ಹತ್ತು ಹೆಜ್ಜೆ. ನಾಲ್ಕನೆಯ ಹೆಜ್ಜೆಗೇ ಕಾಲು ನನ್ನದಲ್ಲ ಅನ್ನಿಸಿತು, ಎಪೋಸಿ ಹೇಳಿದ ಹಾಗೆಯೇ. ಬಗ್ಗಿ ಅಂಚಿನ ಮೇಲೆ ಅಂಗೈ ಇಟ್ಟೆ, ಕಣ್ಣು ಮುಚ್ಚಲಿಲ್ಲ. ಅದು ಬಿಲದ ಬಾಯಲ್ಲೇ ಇತ್ತು, ಕಪ್ಪಗೆ, ರೋಮ ರೋಮವಾಗಿ, ನನ್ನ ಅಂಗೈಯಷ್ಟು ಅಗಲ. ಒಂದು ಕಾಲು ಎತ್ತಿತು. ನನ್ನ ಬಾಯಿಂದ ಮೇಕೆಮರಿಯ ಸದ್ದಿನಂಥದು ಹೊರಟಿತು. ಬೆವರು ಮೂಗಿನಿಂದ ತೊಟ್ಟಿಕ್ಕಿತು. ಇಡೀ ಮೈ ಮಡಕೆಯನ್ನೇ ಅಲ್ಲಾಡಿಸುತ್ತಿತ್ತು. ಕೈ ಮಾತ್ರ ತೆಗೆಯಲಿಲ್ಲ.

"ನೋಡ್ಕೊಳ್ಳಿ ಎಲ್ರೂ," ಎಂದೆ. "ಇದು ನನಗೆ ಯಾವತ್ತಿನಿಂದಲೂ ಇದೆ. ಮಾರ್ತಾ ನನ್ನ ಮುಂದೆ ಕೂರ್ತಿದ್ದಿದ್ದು ಇದಕ್ಕೇ. ಜೇಡಕ್ಕೆ ಹೆದರಿದ್ದಕ್ಕೆ ಎಪೋಸಿನ ಕಳಿಸೋದಾದ್ರೆ, ನನ್ನ ಗಂಟೂ ಕಟ್ಟಿ."

ಅಣ್ಣ ಕೋಲಾ ಉಗಿದ. ಅವನ ಮುಖ ನೋಡಿ ನನಗೆ ತಿಳಿಯಿತು, ನಾನು ಹೆದರಿದ್ದೇ ಆಗುತ್ತಿದೆ. ಹಿಂದಿನಿಂದ ಯಾರೋ "ಹಾಗಾದ್ರೆ ಗಂಡನೇ?" ಎಂದರು. ಇನ್ನೊಬ್ಬರು "ಇಬ್ರೂ ಸೇರ್ಕೊಂಡು ಇರಬೇಕು" ಎಂದರು. ಅಣ್ಣ ಮೆಲ್ಲಗೆ ಕೇಳಿದ: "ತಾಂತೋ, ಏನು ಮಾಡಿದ್ದೀಯೋ? ಈಗ್ಲೇ ಹೇಳಿಬಿಡು."

"ಏನೂ ಮಾಡಿಲ್ಲ" ಎಂದೆ. ಯಾರೂ ನಂಬಲಿಲ್ಲ. ಅಂಗೈ ಇನ್ನೂ ಅಂಚಿನ ಮೇಲೇ ಇತ್ತು.

ಆಗ ಎದ್ದವಳು ಸಬೀನಾ. ನನ್ನ ಮೇಲೆ ಇನ್ನೊಂದು ಕಲ್ಲು ಹಾಕಲು ಎಂದುಕೊಂಡೆ.

"ಥೂ ನಿಮ್ಮ," ಎಂದಳು. "ಇವನನ್ನ ಬೆನ್ನ ಮೇಲೆ ಹೊತ್ತು ಬೆಳೆಸಿದೋಳು ನಾನು. ನಡೆಯೋಕೂ ಸರಿಯಾಗಿ ಬರ್ತಿರಲಿಲ್ಲ, ಗೋಡೆ ಮೇಲೆ ಜೇಡ ಕಂಡ್ರೆ ನನ್ನ ಕೂದಲು ಹಿಡಿದು ಹೀಗೇ ಮೇಕೆ ಥರ ಅರಚೋನು. ನಮ್ಮಮ್ಮ ಯಾರಿಗೂ ಹೇಳ್ಬೇಡ ಅಂತ ನನ್ನ ಬಾಯಿಗೆ ಬೀಗ ಹಾಕಿದ್ಲು. ಇಷ್ಟು ವರ್ಷ ಹೇಳ್ಲಿಲ್ಲ. ಈಗ ಕೇಳ್ತೀನಿ ಫಾಯ್, ಎರಡು ವರ್ಷದ ಮಗು ಅವತ್ತು ಯಾರನ್ನ ಕೊಂದಿತ್ತು?"

ಊರಿಗೆಲ್ಲ ಬೈಯುವ ಬಾಯಿಯಿಂದ ಬಂದ ಮಾತು, ಯಾರು ತಳ್ಳಿಹಾಕುತ್ತಾರೆ? ಸಬೀನಾ ಎಪೋಸಿಯ ಕಡೆ ತಿರುಗಿದಳು. ಅವಳ ತಲೆವಸ್ತ್ರ ಸರಿಮಾಡಿದಳು. ಆಮೇಲೆ "ನನಗೆ ಹೊಳೀಲಿಲ್ಲ ಕಣೇ. ಮನೇಲೇ ಇಂಥದ್ದೊಂದು ಇತ್ತು, ಹೊಳೀಲಿಲ್ಲ" ಎಂದಳು.

ಅಣ್ಣ ಪಾ ಬಂಟಾರ್ ಕಡೆ ನೋಡಿದ. ಮುದುಕ ಇಷ್ಟು ಹೊತ್ತೂ ಎಲೆಗಳ ಚೀಲ ತೊಡೆಯ ಮೇಲಿಟ್ಟುಕೊಂಡು ತೂಕಡಿಸುತ್ತಿದ್ದ ಹಾಗಿದ್ದ.

"ನೀನೇನಂತೀಯಾ ಬಂಟಾರ್?"

"ನಾನು ಓದೋದು ಎಲೆ. ಕಿರುಚಾಟ ಓದೋದು ನನಗೆ ಯಾರೂ ಕಲಿಸಿಲ್ಲ. ಅವತ್ತು ಮಡಕೆ ಉರುಳ್ತು, ಎಲೆ ಜೋಡಿಸಲೇ ಇಲ್ಲ. ಜೇಡಕ್ಕೆ ಪ್ರಶ್ನೆ ಕೇಳೋ ಮೊದ್ಲೇ ನೀವೆಲ್ಲ ಉತ್ತರ ತಗೊಂಡು ಮನೆಗೆ ಹೋದ್ರಿ."

"ಮೂರು ತಿಂಗಳಿಂದ ಇದನ್ನ ಯಾಕೆ ಹೇಳ್ಲಿಲ್ಲ?"

"ಯಾರು ಕೇಳಿದ್ರಿ?"

ಮೋಲುವಾ, ಆ ಮುದುಕನನ್ನು ಅಪ್ಪಿಕೊಳ್ಳಬೇಕೋ ಎರಡು ಬಿಡಬೇಕೋ ತಿಳಿಯಲಿಲ್ಲ.

ಅಂದು ಸಂಜೆ ಮತ್ತೆ ಕೂತೆವು. ಈ ಸಲ ನಾನು ಮುಂದೆ ಕೂತೆ. ಎಪೋಸಿ ನನ್ನ ಹಿಂದೆ, ನನ್ನ ಭುಜದ ಮೇಲಿಂದ ಕೈ ಚಾಚಿ. ಅವಳ ಬೆರಳುಗಳ ಮೇಲೆ ನನ್ನ ಕೈ. ಇಬ್ಬರ ನಡುಕ ಸೇರಿ ಮಡಕೆ ತಾಳ ಹಾಕುತ್ತಿತ್ತು. ನನ್ನ ಬೆನ್ನು ಮಾರ್ತಾಳದಷ್ಟು ಅಗಲವಲ್ಲ, ಆದರೂ ಅವಳಿಗೆ ಜೇಡ ಕಾಣಲಿಲ್ಲವಂತೆ. ನನಗೆ ಕಂಡಿತು, ಪೂರ್ತಿಯಾಗಿ. ಅದು ಎಲೆಗಳ ಕಡೆಗೆ ನಡೆಯಿತು, ನಮ್ಮ ಕಡೆಗೆ ಬರಲಿಲ್ಲ.

ಭಾನುವಾರ ಬೆಳಿಗ್ಗೆ ಪಾ ಬಂಟಾರ್ ಬಗ್ಗಿ ಓದಿದ. ಮನುಷ್ಯರ ಕೈ ಇದರಲ್ಲಿಲ್ಲ, ಅವಳ ಹೊತ್ತು ಬಂದಿತ್ತು ಎಂದ. ಅಣ್ಣ ಎದ್ದು ತಾನೇ ಹೋಗಿ ಬೇಲಿಗೆ ಒರಗಿಸಿದ್ದ ಗಂಟನ್ನು ಎತ್ತಿ ನಮ್ಮ ಮನೆಯೊಳಗೆ ಇಟ್ಟುಬಂದ. ನನ್ನ ಮಗ ಆಮೇಲೆ ಓಡಿ ಬಂದು "ನಾನು ಎತ್ತುತ್ತಿದ್ದೆ ದೊಡ್ಡಪ್ಪ" ಎಂದ. ಎಪೋಸಿ "ಅದು ಮೂರು ತಿಂಗಳಿಂದ ಭಾರವಾಗೇ ಇತ್ತು, ಆಗ ಎತ್ತಬೇಕಿತ್ತು" ಎಂದು ಒಳಗೆ ಹೋದಳು. ಅವನು ಎರಡು ದಿನದಿಂದ ಅಂಗಳ ಗುಡಿಸುತ್ತಿದ್ದಾನೆ. ಗುಡಿಸಲಿ.

ನಿನ್ನ ಶಬ್ದ ಕೆಲಸಕ್ಕೆ ಬರಲಿಲ್ಲ. ನಿನ್ನ ಕಾಗದ ಬಂತು.

ತಾಂತೋ


ಬ್ವೇಯಾ
3 ಫೆಬ್ರವರಿ 1987

ತಾಂತೋ,

ಎಂಜೆಮಾ ನಿನ್ನ ಕಾಗದವನ್ನು ನನಗೆ ಮೂರು ಸಲ ಓದಿ ಹೇಳಿದಳು. ಸಬೀನಾಳ ಮಾತು ಬಂದಾಗ ಪ್ರತಿ ಸಲವೂ ಎದ್ದು ನಿಂತೇ ಓದಿದಳು.

ನೀನು ಮಡಕೆ ಮುಟ್ಟಿದ ಮೇಲೆ ನಾನು ಸುಮ್ಮನಿರುವುದು ನ್ಯಾಯವಲ್ಲ. ಡಿಕ್ಷನರಿ ಚರ್ಚಿಗೆ ಹೋಗಿರಲಿಲ್ಲ. ತಲೆದಿಂಬಿನ ಪಕ್ಕದಲ್ಲೇ ಇತ್ತು. ನಿನ್ನ ಮೊದಲ ಕಾಗದವನ್ನು, ಕನ್ನಡಕ ಒಡೆದಿದೆ ಎಂದು ಸುಳ್ಳು ಹೇಳಿ, ಅಂಚೆಯವನಿಂದ ಓದಿಸಿಕೊಂಡೆ; ಆಮೇಲೆ ಡಿಕ್ಷನರಿ ತೆರೆದು ಒಂದು ಗಂಟೆ ಕೂತೆ. ಪುಟದ ಮೇಲೆ ಬರೀ ಹೊಗೆ. ಎರಡೂ ಕಣ್ಣಿಗೆ ಪೊರೆ ಬಂದಿದೆ, ಎರಡು ವರ್ಷವಾಯಿತು. ಮನೆಯವರಿಗೂ ಹೇಳಿರಲಿಲ್ಲ. ಮಂಜು ಎಂದು ನಿನಗೆ ಬರೆದದ್ದು ಬೆಟ್ಟದ ಮಂಜಲ್ಲ. ನಿನ್ನ ಎರಡನೆಯ ಕಾಗದ ಓದಿಸಿಕೊಳ್ಳಲೆಂದೇ ಎಂಜೆಮಾಳಿಗೆ ಮೊದಲ ಸಲ ನಿಜ ಹೇಳಿದೆ.

ಆಪರೇಷನ್ ಮಾಡಿದರೆ ಕಾಣುತ್ತದೆ ಎನ್ನುತ್ತಾರೆ ಡಾಕ್ಟರು. ಮೂರು ಸಲ ದಿನ ಗೊತ್ತುಮಾಡಿದರು. ಮೂರು ಸಲವೂ ಆಸ್ಪತ್ರೆಯ ಗೇಟಿನಿಂದ ವಾಪಸು ಬಂದೆ. ಕಣ್ಣಿಗೆ ಚಾಕು ಬರುತ್ತದೆ ಎಂದರೆ ಕಾಲು ನನ್ನದಲ್ಲ ಅನ್ನಿಸುತ್ತದೆ. ಇದಕ್ಕೇನು ಶಬ್ದವೋ, ಹುಡುಕಿಲ್ಲ. ಹುಡುಕಲು ಕಣ್ಣು ಬೇಕು. ನಾಲ್ಕನೆಯ ದಿನ ಮಾರ್ಚ್ ಎರಡು.

ಮೋಲುವಾ


ನ್ಕಾಂಬೆ ಗುಡ್ಡ
15 ಫೆಬ್ರವರಿ 1987

ಪ್ರೀತಿಯ ಮೋಲುವಾ,

ನಿನ್ನ ಕಾಗದವನ್ನು ಬೇಲಿಯ ಹತ್ತಿರ ನಿಂತು ಓದಿದೆ, ಓದಿ ಅಲ್ಲೇ ಕೂತೆ. ಕುಡಿದವನ ನಡಿಗೆ ಎಂದು ಬರೆದಿದ್ದೆನಲ್ಲ, ದೊಡ್ಡ ಮನುಷ್ಯನಾದೆಯಾ ಎಂದಿದ್ದೆನಲ್ಲ. ಆ ಎರಡೂ ಸಾಲನ್ನು ಹೊಡೆದು ಹಾಕು. ನೀನೇ ಹೊಡೆದು ಹಾಕಬೇಕು, ಎಂಜೆಮಾ ಅಲ್ಲ. ಮಾರ್ಚ್ ಎರಡಾದ ಮೇಲೆ.

ನಿನ್ನ ಶಬ್ದ ಕೆಲಸಕ್ಕೆ ಬರಲಿಲ್ಲ ಎಂದು ಬರೆದದ್ದು ತಪ್ಪು. ಅದಕ್ಕೆ ಈ ಗುಡ್ಡದಲ್ಲಿ ಈಗ ಬಿಡುವೇ ಇಲ್ಲ. ಬಾಲ ಉದ್ದವಾಯಿತೆಂದು ಜನ ಕತ್ತರಿಸಿ 'ಅರಾಕ್ನೋ' ಎಂದು ಇಟ್ಟುಕೊಂಡಿದ್ದಾರೆ. ಮೊದಲು ನನ್ನನ್ನು ಆಡಿಕೊಳ್ಳಲು ಬಳಸಿದರು. ಬಾವಿಯ ಹತ್ತಿರ ಹೋದರೆ "ಅರಾಕ್ನೋ ತಾತ ಬಂದ್ರು, ಮೂಲೆ ಗುಡಿಸ್ರೋ" ಎಂದು ಕೂಗುತ್ತಿದ್ದರು. ಆಮೇಲೆ ಅದು ಕಾಲು ಬೆಳೆಸಿಕೊಂಡು ನಡೆಯಿತು. ಪಕ್ಕದ ಮನೆಯವಳ ಮಗ ಹುಂಜ ಕಂಡರೆ ಅಳುತ್ತಾನೆ, ಮೊದಲಾದರೆ ನಾಲ್ಕು ಏಟು ಬೀಳುತ್ತಿತ್ತು. ಮೊನ್ನೆ ಅವನಮ್ಮ "ಬಿಡಿ ಅವನ್ನ, ಅವನಿಗೆ ಹುಂಜದ ಅರಾಕ್ನೋ" ಎಂದಳು. ದವಾಖಾನೆಯವನಿಗೆ ತೂಗುಸೇತುವೆಯ ಅರಾಕ್ನೋ ಇದೆಯಂತೆ, ತಾನೇ ಬಂದು ಹೇಳಿಕೊಂಡ. ಫಾದರ್ ಡೊನೆಲನ್ ಕೇಳಿದ್ದರೆ ಬೆತ್ತ ಎತ್ತುತ್ತಿದ್ದರು. ಆದರೆ ಹೆದರಿದವನಿಗೆ ತಪ್ಪು ಹೊರಿಸದೆ ಹೇಳಲು ನಮಗೊಂದು ಮಾತು ಬೇಕಿತ್ತು. ಅದನ್ನು ಕೊಟ್ಟವನು ಕಣ್ಣು ಕಾಣದ ಮೇಷ್ಟ್ರು ಎಂದು ಎಲ್ಲರಿಗೂ ಹೇಳಿದ್ದೇನೆ. ಸಬೀನಾ ನಿನಗೆ ಒಂದು ಬುಟ್ಟಿ ಕೋಲಾ ಕಟ್ಟಿಟ್ಟಿದ್ದಾಳೆ.

ನಮ್ಮ ಮನೆಯಲ್ಲಿ ಹೆದರುವವರು ಇಬ್ಬರು, ಗುಡಿಸುವವರು ಇರಲಿಲ್ಲ. ಒಂದು ವಾರ ಒಬ್ಬರ ಮುಖ ಒಬ್ಬರು ನೋಡಿಕೊಂಡು ಅಡುಗೆಮನೆಯ ಹೊರಗೇ ಒಲೆ ಹೂಡಿದೆವು. ಎಂಟನೆಯ ದಿನ ಮಾರ್ತಾಳ ಪೊರಕೆ ತೆಗೆದುಕೊಂಡು ನಾನು ಒಳಗೆ ಹೋದೆ. ಅವಳು ಗುಡಿಸುತ್ತಿದ್ದ ಕ್ರಮದಲ್ಲೇ, ಬಾಗಿಲ ಎಡಮೂಲೆಯಿಂದ ಶುರುಮಾಡಿ, ಮೇಕೆಯ ಸದ್ದು ಮಾಡುತ್ತಾ, ನಾಲ್ಕೂ ಮೂಲೆ ಗುಡಿಸಿದೆ. ಆಮೇಲೆ "ಬಾರಮ್ಮ" ಎಂದು ಕರೆದೆ. ಈಗ ದಿನಾ ಬೆಳಿಗ್ಗೆ ನನ್ನ ಕೆಲಸ ಅದೇ. ಮೂವತ್ತು ವರ್ಷ ಬಾಗಿಲಲ್ಲಿ ನಿಂತು ಮಾಡಿದ ಇನ್ಸ್‌ಪೆಕ್ಷನ್ನಿಗೆ ಇದು ಬಾಕಿ.

ಈಗ ಕೇಳು. ಇಪ್ಪತ್ತಾರಕ್ಕೆ ತಾಂಫುವಿನ ಲಾರಿ ಕೆಳಗೆ ಕರಾವಳಿಗೆ ಹೊರಡುತ್ತದೆ. ಎಪೋಸಿ ತವರಿಗೆ ಹೋಗಿ ಬರುತ್ತಾಳೆ, ಎರಡು ವಾರ, ಬೀಹ್‌ನ ಕರೆದುಕೊಂಡು. ಅವಳನ್ನು ಟಿಕೊದಲ್ಲಿ ಇಳಿಸಿ ನಾನು ನಿನ್ನಲ್ಲಿಗೆ ಬರುತ್ತೇನೆ. ಮಾರ್ಚ್ ಎರಡರ ಬೆಳಿಗ್ಗೆ ಆಸ್ಪತ್ರೆಯ ಗೇಟಿನಲ್ಲಿ ನಿನ್ನ ಕಾಲು ನಿನ್ನದಲ್ಲ ಅನ್ನಿಸುತ್ತದೆ. ಅನ್ನಿಸಲಿ. ಹಿಂದಕ್ಕೆ ತಿರುಗಬೇಡ, ನನ್ನ ಭುಜ ಹಿಡಿದುಕೋ. ಬೆಂಚಿನ ಮೇಲೆ ನಾನು ಮುಂದೆ ಕೂರುತ್ತೇನೆ, ನೀನು ನನ್ನ ಹಿಂದೆ ಕೂರು.

ತಾಂತೋ